ಬೆಕ್ಕು ವೇಷ ಕಟ್ಟುತ್ತಿಲ್ಲವೇ? ಪುಚ್ಚೆಯ ಚೌಕಿ ಮೋಡ್ ಕೈಕೊಟ್ಟಾಗ ನೋಡಬೇಕಾದ್ದು

ಪುಚ್ಚೆ ಒಂದು ಪುಟ್ಟ ಬ್ರೌಸರ್ ಎಕ್ಸ್‌ಟೆನ್ಷನ್. ಹಾಕಿಕೊಂಡರೆ ತೆರೆದ ಪುಟದ ಮೂಲೆಗೆ ಒಂದು ಬೆಕ್ಕು ಬಂದು ಕೂರುತ್ತದೆ. ಮೌಸಿನ ಬಾಣ ಹೋದಲ್ಲೆಲ್ಲ ಹಿಂದೆ ಓಡುತ್ತದೆ. ಬಾಣ ನಿಂತರೆ ಮೈ ಕೆರೆದುಕೊಂಡು, ಆಕಳಿಸಿ, ಮುದುಡಿ ಮಲಗುತ್ತದೆ. ಇದರಿಂದ ಯಾವ ಉಪಯೋಗವೂ ಇಲ್ಲ. ಮಕ್ಕಳಿಗೆ ಇಷ್ಟ, ಅಷ್ಟೇ.

ಬರೆದವನು ಕಾಸರಗೋಡಿನ ಬದಿಯಡ್ಕದಲ್ಲಿರುವ ನನ್ನ ಅಕ್ಕನ ಮಗ. ಸ್ಟೋರಿನಲ್ಲಿ ಇದು ಸಿಗುವುದಿಲ್ಲ. ಜಿಪ್ ಫೈಲಾಗಿ ವಾಟ್ಸ್‌ಆ್ಯಪ್‌ನಲ್ಲಿ, ಪೆನ್‌ಡ್ರೈವಿನಲ್ಲಿ ಪೆರ್ಲ, ಮುಳ್ಳೇರಿಯ, ಮಂಜೇಶ್ವರದ ಕಡೆಗೆಲ್ಲ ಹೋಗಿದೆ. ಅವನು ಈಗ ಓದಲು ದೂರದ ಊರಿನಲ್ಲಿದ್ದಾನೆ. ಹಾಗಾಗಿ ಫೋನು ಬರುವುದು ನನಗೆ.

ಈ ಬೆಕ್ಕಿನೊಳಗೆ ಒಂದು ಗುಟ್ಟು ಉಂಟು. ಕೀಬೋರ್ಡಿನಲ್ಲಿ ಮೇಲೆ, ಮೇಲೆ, ಕೆಳಗೆ, ಕೆಳಗೆ, ಎಡ, ಬಲ, ಎಡ, ಬಲ ಎಂದು ಬಾಣದ ಕೀಗಳನ್ನು ಒತ್ತಿ, ಕೊನೆಗೆ ‘ಬಿ’ ಮತ್ತು ‘ಎ’ ಒತ್ತಿದರೆ ಬೆಕ್ಕು ಒಂದು ಕೆಂಪು ಪರದೆಯ ಹಿಂದೆ ಹೋಗುತ್ತದೆ. ಹೊರಗೆ ಬರುವಾಗ ತಲೆಗೆ ತೆಂಕುತಿಟ್ಟು ಯಕ್ಷಗಾನದ ಕಿರೀಟ, ಕಾಲಿಗೆ ಗೆಜ್ಜೆ. ಚೆಂಡೆ ಕೇಳುತ್ತದೆ, ಬೆಕ್ಕು ಸುತ್ತಿ ಹಾರಿ ದಿಗಿಣ ಹಾಕುತ್ತದೆ. ಹುಡುಗ ಇದಕ್ಕೆ ಚೌಕಿ ಮೋಡ್ ಎಂದು ಹೆಸರಿಟ್ಟಿದ್ದಾನೆ; ಚೌಕಿ ಎಂದರೆ ಆಟದಲ್ಲಿ ವೇಷ ಕಟ್ಟುವ ಜಾಗ. ಯಕ್ಷಗಾನ ಕವಿ ಪಾರ್ತಿಸುಬ್ಬನ ಕುಂಬಳೆ ಸೀಮೆಯ ಬೆಕ್ಕು ಇನ್ಯಾವ ವೇಷ ಕಟ್ಟೀತು, ಅಲ್ವಾ?

ಹತ್ತು ಕೀಗಳ ಈ ಸಾಲು ಅವನದ್ದಲ್ಲ, ಹಳೆಯದು. ಜಪಾನಿನ ಕೊನಾಮಿ ಕಂಪನಿಯ ಕಝುಹಿಸಾ ಹಾಶಿಮೊಟೊ ‘ಗ್ರಾಡಿಯಸ್’ ಆಟವನ್ನು ಮನೆಯ ಗೇಮ್ ಯಂತ್ರಕ್ಕೆ ತರುವಾಗ ಇದನ್ನು ಸೇರಿಸಿದರು. ಆಟ ಜಾಸ್ತಿ ಕಷ್ಟ ಇತ್ತು, ಪರೀಕ್ಷೆ ಮಾಡಲು ಅವರಿಗೇ ಕೊನೆವರೆಗೆ ಆಡಲು ಆಗುತ್ತಿರಲಿಲ್ಲ. ಸಾಲು ಒತ್ತಿದರೆ ಎಲ್ಲ ಶಕ್ತಿಗಳೂ ಒಮ್ಮೆಗೇ ಸಿಗುವಂತೆ ಮಾಡಿಕೊಂಡರು. 1986ರಲ್ಲಿ ಆಟ ಹೊರಬಂದಾಗ ಅದು ಅದರೊಳಗೇ ಉಳಿದಿತ್ತು. ‘ಕಾಂಟ್ರಾ’ ಆಡಿ ಬೆಳೆದವರಿಗೆ ಇದು 30 ಜೀವ ಕೊಡುವ ಸಾಲೆಂದು ಗೊತ್ತು. ಇವತ್ತಿಗೂ ಬ್ರೌಸರಿನಲ್ಲಿ ಏನಾದರೂ ಅಡಗಿಸಿಡಬೇಕೆಂದರೆ ಪ್ರೋಗ್ರಾಮರುಗಳ ಕೈ ಮೊದಲು ಹೋಗುವುದು ಇದಕ್ಕೇ.

ಗುಟ್ಟಿನ ಮೋಡಿನ ತೊಂದರೆ ಏನೆಂದರೆ, ಅದು ಕೆಡುವಾಗಲೂ ಗುಟ್ಟಾಗಿಯೇ ಕೆಡುತ್ತದೆ. ಮೆನು ಇಲ್ಲ, ಬಟನ್ ಇಲ್ಲ, ತಪ್ಪಾಯಿತೆಂದು ಹೇಳುವ ಕೆಂಪು ಅಕ್ಷರವೂ ಇಲ್ಲ. ಒತ್ತಿದ ಸಾಲು ತಪ್ಪೋ, ಕೀಬೋರ್ಡು ತಪ್ಪೋ, ಎಕ್ಸ್‌ಟೆನ್ಷನ್ ಸತ್ತಿದೆಯೋ ಏನೂ ತಿಳಿಯುವುದಿಲ್ಲ. ಬೆಕ್ಕು ಸುಮ್ನೆ ಕೂತು ನೋಡುತ್ತಿರುತ್ತದೆ. ಆದ್ದರಿಂದ ಏನು ಆಗುತ್ತಿದೆ, ಏನು ಆಗುತ್ತಿಲ್ಲ ಎಂಬುದನ್ನು ಮೊದಲು ಬೇರೆ ಮಾಡಿಕೊಳ್ಳಿ. ಬೆಕ್ಕು ಓಡುತ್ತದೆ, ವೇಷ ಮಾತ್ರ ಇಲ್ಲ ಎನ್ನುವುದು ಒಂದು ದೋಷ. ಬೆಕ್ಕೇ ಇಲ್ಲ ಎನ್ನುವುದು ಬೇರೆಯೇ ದೋಷ. ಇವೆರಡನ್ನು ಕಲಸಿದರೆ ಇಡೀ ಸಂಜೆ ಹೋಗುತ್ತದೆ.

ಬೆಕ್ಕು ಓಡುತ್ತದೆ, ವೇಷ ಕಟ್ಟುವುದಿಲ್ಲ

ಬರುವ ದೂರುಗಳಲ್ಲಿ ಇದೇ ಜಾಸ್ತಿ. “ಮಾವ, ಪುಚ್ಚೆ ಓಡ್ತದೆ, ಎಷ್ಟು ಒತ್ತಿದ್ರೂ ವೇಷ ಮಾತ್ರ ಕಟ್ಟುದಿಲ್ಲ” ಎಂದು ಮಕ್ಕಳು ಹೇಳಿದರೆ ನಾನು ಕೇಳುವುದು ಒಂದೇ: “ಅಡ್ರೆಸ್ ಬಾರಿನಲ್ಲಿ ಕ್ಲಿಕ್ ಮಾಡಿ ಬಿ ಒತ್ತು. ಎಂತ ಬಂತು?”

“ವ” ಎಂದು ಉತ್ತರ ಬಂದರೆ ಕಾರಣ ಸಿಕ್ಕಿತು.

ನಮ್ಮ ಕಡೆ ಒಂದೇ ಕಂಪ್ಯೂಟರಿನಲ್ಲಿ ಇಂಗ್ಲಿಷ್, ಕನ್ನಡ, ಮಲಯಾಳ ಮೂರೂ ಕೀಬೋರ್ಡು ಇರುವುದು ಸಾಮಾನ್ಯ. ಕನ್ನಡ ಮೀಡಿಯಂನ ಮಗು ಪ್ರಾಜೆಕ್ಟ್ ಬರೆಯಲು ಕನ್ನಡಕ್ಕೆ ಬದಲಿಸುತ್ತದೆ, ಬರೆದು ಮುಗಿದ ಮೇಲೆ ಹಾಗೆಯೇ ಬಿಡುತ್ತದೆ. ಅಣ್ಣ ಪಂಚಾಯಿತಿಗೆ ಅರ್ಜಿ ಬರೆಯಲು ಮಲಯಾಳಕ್ಕೆ ಬದಲಿಸುತ್ತಾನೆ, ಅವನೂ ಬಿಡುತ್ತಾನೆ. ವಿಂಡೋಸ್ ಮತ್ತು ಉಬುಂಟುಗಳಲ್ಲಿ ಕನ್ನಡ ಎಂದು ಆರಿಸಿದರೆ ಸಾಮಾನ್ಯವಾಗಿ ಸಿಗುವುದು ಇನ್‌ಸ್ಕ್ರಿಪ್ಟ್ ಜೋಡಣೆ. ಭಾರತದ ಭಾಷೆಗಳಿಗೆಲ್ಲ ಒಂದೇ ಜಾಗದಲ್ಲಿ ಒಂದೇ ಧ್ವನಿಯ ಅಕ್ಷರ ಬರಬೇಕೆಂದು ಮಾಡಿದ್ದು. ಅದರಲ್ಲಿ ‘ಬಿ’ ಕೀ ‘ವ’ ಕೊಡುತ್ತದೆ. ‘ಎ’ ಕೀ ಒಕಾರದ ದೀರ್ಘ ಚಿಹ್ನೆ ‘ೋ’ ಕೊಡುತ್ತದೆ. ಖಾಲಿ ಜಾಗದಲ್ಲಿ ಒತ್ತಿದರೆ ಅದು ಚುಕ್ಕಿಗಳ ಒಂದು ವೃತ್ತಕ್ಕೆ ಅಂಟಿಕೊಂಡು ಕಾಣುತ್ತದೆ. ಮಲಯಾಳ ಇನ್‌ಸ್ಕ್ರಿಪ್ಟಿನಲ್ಲೂ ಅದೇ ಜಾಗಗಳಲ್ಲಿ ಅದೇ ಧ್ವನಿಗಳು, ಲಿಪಿ ಮಾತ್ರ ಬೇರೆ.

ಈಗ ಬೆಕ್ಕಿನ ಕಡೆಯಿಂದ ನೋಡಿ. ಬಾಣದ ಕೀಗಳಿಗೆ ಭಾಷೆ ಇಲ್ಲ. ಕನ್ನಡ ಇರಲಿ, ಮಲಯಾಳ ಇರಲಿ, ಮೇಲಿನ ಬಾಣ ಮೇಲಿನ ಬಾಣವೇ. ಹತ್ತರಲ್ಲಿ ಎಂಟು ಒತ್ತು ಸರಿಯಾಗಿ ಹೋಗುತ್ತದೆ. ಒಂಬತ್ತನೆಯದು ‘ಬಿ’ ಬರಬೇಕಿತ್ತು, ಬಂದದ್ದು ‘ವ’. ಸಾಲು ಅಲ್ಲಿಗೆ ಮುರಿಯಿತು. ಕಣ್ಣೆದುರಿಗೆ ಕೀ ಮೇಲೆ ಅಚ್ಚಾಗಿರುವುದು ‘ಬಿ’ಯೇ ಆದ್ದರಿಂದ ಒತ್ತಿದವರಿಗೆ ಸಂಶಯವೇ ಬರುವುದಿಲ್ಲ. ಮತ್ತೆ ಮೊದಲಿನಿಂದ ಒತ್ತುತ್ತಾರೆ, ಇನ್ನೂ ಜೋರಾಗಿ.

ತಾತ್ಕಾಲಿಕ ಪರಿಹಾರ ಸುಲಭ. ವಿಂಡೋಸಿನಲ್ಲಿ ವಿಂಡೋಸ್ ಕೀ ಹಿಡಿದು ಸ್ಪೇಸ್ ಒತ್ತಿ, ಇಂಗ್ಲಿಷಿಗೆ ಬನ್ನಿ. ಉಬುಂಟುವಿನಲ್ಲೂ ಅದೇ ಕೀ, ಅದೇ ಸ್ಪೇಸ್. ಆಮೇಲೆ ಪುಟದ ಖಾಲಿ ಜಾಗದಲ್ಲಿ ಒಮ್ಮೆ ಕ್ಲಿಕ್ ಮಾಡಿ ಸಾಲು ಒತ್ತಿ.

ಇಲ್ಲಿ ಒಂದು ಕಣ್ಕಟ್ಟು ಉಂಟು. ಪ್ರತಿ ವಿಂಡೋಗೆ ಬೇರೆ ಬೇರೆ ಭಾಷೆ ಇಟ್ಟುಕೊಳ್ಳುವ ಸೆಟ್ಟಿಂಗ್ ಎರಡೂ ಸಿಸ್ಟಮಿನಲ್ಲಿ ಇದೆ. ಅದು ಆನ್ ಆಗಿದ್ದರೆ ಮೂಲೆಯಲ್ಲಿ ಕಾಣುವ ಭಾಷೆಯ ಗುರುತು ಆಗ ಮುಂದಿರುವ ವಿಂಡೋದ್ದು ಮಾತ್ರ. ಟೈಪ್ ಮಾಡುವ ವಿಂಡೋದಲ್ಲಿ ಇಂಗ್ಲಿಷ್ ನೋಡಿ, ಬ್ರೌಸರಿಗೆ ಬಂದ ಕೂಡಲೇ ಅದು ಕನ್ನಡ ಆಗಿರುತ್ತದೆ. ಆದ್ದರಿಂದ ಗುರುತನ್ನು ಬ್ರೌಸರಿನೊಳಗೆ ಕ್ಲಿಕ್ ಮಾಡಿದ ಮೇಲೆಯೇ ನೋಡಬೇಕು. ಇದೇ ಕಾರಣಕ್ಕೆ ನಾನು ಗುರುತನ್ನು ನಂಬುವುದಿಲ್ಲ, ಅಡ್ರೆಸ್ ಬಾರಿನ ಪರೀಕ್ಷೆಯನ್ನೇ ನಂಬುತ್ತೇನೆ.

ಮಳೆಗಾಲದಲ್ಲಿ ಈ ದೂರು ಏರುತ್ತದೆ. ಜೂನ್, ಜುಲೈಯಲ್ಲಿ ಕರೆಂಟು ಹೋಗಿ ಬಂದಾಗಲೆಲ್ಲ ಕಂಪ್ಯೂಟರು ಹೊಸದಾಗಿ ಶುರುವಾಗುತ್ತದೆ. ಕನ್ನಡವನ್ನೇ ಡೀಫಾಲ್ಟ್ ಮಾಡಿಟ್ಟ ಕಂಪ್ಯೂಟರಾದರೆ ಕೀಬೋರ್ಡು ಮತ್ತೆ ಕನ್ನಡಕ್ಕೇ ಬಂದು ಕೂರುತ್ತದೆ. “ನಿನ್ನೆ ಆಗ್ತಿತ್ತು, ಇವತ್ತು ಆಗುದಿಲ್ಲ” ಎನ್ನುವವರ ಮನೆಯಲ್ಲಿ ಬಹುತೇಕ ನಡೆದದ್ದು ಇಷ್ಟೇ.

ನುಡಿ ತಂತ್ರಾಂಶ ಹಾಕಿಕೊಂಡವರದ್ದು ಇನ್ನೊಂದು ಕತೆ. ಅಲ್ಲಿ ವಿಂಡೋಸಿನ ಮೂಲೆಯಲ್ಲಿ ಇಂಗ್ಲಿಷ್ ಎಂದೇ ಇರುತ್ತದೆ. ಆದರೆ ನುಡಿ ಹಿಂದಿನಿಂದ ಕೀಗಳನ್ನು ಹಿಡಿದು ಕನ್ನಡ ಮಾಡಿ ಕಳುಹಿಸುತ್ತಿರುತ್ತದೆ. ಸ್ಕ್ರೋಲ್ ಲಾಕ್ ಒತ್ತಿ ಕನ್ನಡ ಆಫ್ ಮಾಡಿ, ಮತ್ತೆ ನೋಡಿ.

ಕಾಯಂ ಪರಿಹಾರ ಬೇಕೆಂದರೆ

ಬ್ರೌಸರು ಒಂದು ಕೀ ಒತ್ತಿದಾಗ ಎರಡು ಮಾಹಿತಿ ಕೊಡುತ್ತದೆ. ಒಂದರ ಹೆಸರು ‘ಕೀ’: ಯಾವ ಅಕ್ಷರ ಮೂಡಿತು ಎಂಬುದು. ಇನ್ನೊಂದರ ಹೆಸರು ‘ಕೋಡ್’: ಕೀಬೋರ್ಡಿನ ಯಾವ ಜಾಗದ ಗುಂಡಿ ಒತ್ತಿದ್ದು ಎಂಬುದು. ಕನ್ನಡ ಆನ್ ಇರುವಾಗ ಬಿ ಒತ್ತಿದರೆ ‘ಕೀ’ಯಲ್ಲಿ ‘ವ’ ಇರುತ್ತದೆ, ‘ಕೋಡ್’ನಲ್ಲಿ ‘ಕೀಬಿ’ ಎಂದೇ ಇರುತ್ತದೆ. ಪುಚ್ಚೆಯ ಹಳೆಯ ಆವೃತ್ತಿ ಹತ್ತನ್ನೂ ‘ಕೀ’ಯಿಂದ ಹೋಲಿಸುತ್ತದೆ. ಅದಕ್ಕೇ ಕ್ಯಾಪ್ಸ್ ಲಾಕ್ ಆನ್ ಇದ್ದರೂ ಅದು ಕೆಲಸ ಮಾಡುವುದಿಲ್ಲ. ಸಣ್ಣ ಬಿ, ದೊಡ್ಡ ಬಿ ಎರಡೂ ಅದಕ್ಕೆ ಬೇರೆ ಬೇರೆ.

ಹಾಗಾದರೆ ಹತ್ತನ್ನೂ ‘ಕೋಡ್’ಗೆ ಬದಲಿಸಿದರೆ ಮುಗಿಯಿತಲ್ಲ? ಪೂರ್ತಿ ಮುಗಿಯುವುದಿಲ್ಲ. ಹಳೆ ಕೀಬೋರ್ಡಿನಲ್ಲಿ ಬಾಣದ ಕೀ ಸವೆದು ಹೋಗಿ, ನಮ್ ಲಾಕ್ ಆಫ್ ಮಾಡಿ ಬಲಬದಿಯ ಅಂಕಿಗಳ 8, 2, 4, 6ನ್ನೇ ಬಾಣವಾಗಿ ಬಳಸುವವರು ಇದ್ದಾರೆ. ಅಲ್ಲಿ ‘ಕೀ’ ಮೇಲಿನ ಬಾಣ ಎನ್ನುತ್ತದೆ, ‘ಕೋಡ್’ ನಮ್‌ಪ್ಯಾಡಿನ 8 ಎನ್ನುತ್ತದೆ. ಹಾಗಾಗಿ ಬಾಣಗಳಿಗೆ ‘ಕೀ’, ಅಕ್ಷರಗಳಿಗೆ ‘ಕೋಡ್’ ಎಂದು ಹಂಚುವುದೇ ಸರಿ. ಹೊಸ ಜಿಪ್‌ನಲ್ಲಿ ಹಾಗೆ ಮಾಡಿದೆ. ನುಡಿಯಂಥ ತಂತ್ರಾಂಶ ಆನ್ ಇದ್ದಾಗ ಮಾತ್ರ ಜಾಗದ ಮಾಹಿತಿಯೂ ಸರಿಯಾಗಿ ಬಾರದೆ ಇರಬಹುದು. ಅಲ್ಲಿ ಸ್ಕ್ರೋಲ್ ಲಾಕೇ ಗತಿ.

ಹಳೆಯದನ್ನೇ ತಿದ್ದಿಕೊಳ್ಳುವವರು ಫೋಲ್ಡರಿನಲ್ಲಿ ಕೀಗಳ ಫೈಲನ್ನು ನೋಟ್‌ಪ್ಯಾಡಿನಲ್ಲಿ ತೆರೆದು ಬದಲಿಸಬಹುದು. ಉಳಿಸಿದ ಮೇಲೆ ಎರಡು ಕೆಲಸ ಬಾಕಿ ಇರುತ್ತದೆ. ಎಕ್ಸ್‌ಟೆನ್ಷನ್ ಪುಟಕ್ಕೆ ಹೋಗಿ ಪುಚ್ಚೆಯ ಚೌಕದಲ್ಲಿರುವ ಸುತ್ತುಬಾಣ ಒತ್ತಬೇಕು. ಆಮೇಲೆ ಮೊದಲೇ ತೆರೆದಿದ್ದ ಟ್ಯಾಬುಗಳನ್ನೂ ರೀಲೋಡ್ ಮಾಡಬೇಕು. ಎರಡನೆಯದನ್ನು ಬಿಟ್ಟರೆ ಹಳೆ ಟ್ಯಾಬಿನಲ್ಲಿ ಹಳೆ ಬೆಕ್ಕೇ ಓಡುತ್ತಿರುತ್ತದೆ, ಯಜಮಾನನಿಲ್ಲದ ಬೆಕ್ಕು. ಓಡುತ್ತದೆ, ಆದರೆ ಎಕ್ಸ್‌ಟೆನ್ಷನ್ ಜೊತೆ ಅದರ ಸಂಪರ್ಕ ಕಡಿದಿರುತ್ತದೆ. ತಿದ್ದಿದ್ದು ಸರಿ ಇದ್ದರೂ ಸರಿ ಇಲ್ಲ ಅನ್ನಿಸುವುದು ಇಲ್ಲೇ.

ನಿಜವಾಗಿ ಯಾವ ಕೀ ತಲುಪುತ್ತಿದೆ ಎಂದು ಕಣ್ಣಾರೆ ನೋಡಬೇಕಾದರೆ, ಅದೇ ಫೈಲಿನಲ್ಲಿ ಬಂದ ಕೀಯನ್ನು ಕನ್ಸೋಲಿಗೆ (ಪ್ರೋಗ್ರಾಮರುಗಳು ಸಂದೇಶ ನೋಡುವ ಬ್ರೌಸರಿನ ಕಿಟಕಿ) ಬರೆಯುವ ಒಂದು ಸಾಲು ಸೇರಿಸಿ, ಎಫ್12 ಒತ್ತಿ ಕನ್ಸೋಲ್ ತೆರೆದಿಟ್ಟು, ಪುಟದ ಮೇಲೆ ಕ್ಲಿಕ್ ಮಾಡಿ ಸಾಲು ಒತ್ತಿ. ಎಂಟು ಸಾಲು ಬಾಣದ ಹೆಸರುಗಳು, ಅದರ ಕೆಳಗೆ ‘ವ’, ಅದರ ಕೆಳಗೆ ‘ೋ’. ಹತ್ತನೇ ತರಗತಿಯ ಒಬ್ಬ ಹುಡುಗಿಗೆ ಇದನ್ನು ತೋರಿಸಿದ ಮೇಲೆ ಅವಳಿಗೆ ಬೆಕ್ಕಿಗಿಂತ ಕನ್ಸೋಲೇ ಇಷ್ಟವಾಯಿತು.

ಭಾಷೆ ಸರಿ ಇದೆ, ಆದರೂ ಇಲ್ಲ

ಆಗ ಒತ್ತುವ ರೀತಿ ನೋಡಿ. ಕೀಯನ್ನು ಹಿಡಿದೇ ಇದ್ದರೆ ಕಂಪ್ಯೂಟರು ಅದನ್ನು ಒಂದರ ಹಿಂದೆ ಒಂದು ಮತ್ತೆ ಮತ್ತೆ ಕಳುಹಿಸುತ್ತದೆ. ಸಣ್ಣ ಮಕ್ಕಳು ಹೆಚ್ಚಾಗಿ ಒತ್ತಿ ಹಿಡಿಯುತ್ತಾರೆ. ಅವರ ಪಾಲಿಗೆ ಎರಡು ‘ಮೇಲೆ’, ಬೆಕ್ಕಿನ ಪಾಲಿಗೆ ಹನ್ನೆರಡು. ಕೀಬೋರ್ಡು ಹಳೆಯದಾಗಿ ಗುಂಡಿ ಅಂಟುತ್ತಿದ್ದರೂ ಇದೇ ಆಗುತ್ತದೆ. ಕರಾವಳಿಯ ತೇವಕ್ಕೆ ಅದೇನೂ ಅಪರೂಪ ಅಲ್ಲ. ತಾನಾಗಿ ಮರುಕಳಿಸಿದ ಒತ್ತನ್ನು ಹೊಸ ಆವೃತ್ತಿ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಇನ್ನೊಂದು, ಮೂರು ಸಲ ‘ಮೇಲೆ’ ಒತ್ತಿ ಮುಂದುವರಿದರೆ ಹಳೆ ಆವೃತ್ತಿ ತಪ್ಪಾಯಿತೆಂದು ಸೊನ್ನೆಗೆ ಹೋಗಿ, ಆ ಮೂರನೇ ಒತ್ತನ್ನೂ ನುಂಗಿಬಿಡುತ್ತದೆ. ಸಾಲಿನ ನಡುವೆ ತಪ್ಪಿದ್ದು ಗೊತ್ತಾದರೆ ಬೇರೆ ಯಾವುದಾದರೂ ಕೀ ಒಮ್ಮೆ ಒತ್ತಿ, ಪೂರ್ತಿ ಹೊಸದಾಗಿ ಶುರು ಮಾಡಿ. ಹೊಸದರಲ್ಲಿ ಕೊನೆಯ ಹತ್ತು ಒತ್ತುಗಳನ್ನು ಮಾತ್ರ ನೆನಪಿಟ್ಟು ಹೋಲಿಸುತ್ತದೆ, ಆ ಗೋಳಿಲ್ಲ.

ಮತ್ತೆ, ಎಲ್ಲಿ ಒತ್ತುತ್ತಿದ್ದೀರಿ? ಕರ್ಸರು ಅಡ್ರೆಸ್ ಬಾರಿನಲ್ಲಿದ್ದರೆ ಒತ್ತು ಪುಟಕ್ಕೆ ತಲುಪುವುದೇ ಇಲ್ಲ. ಈಗಷ್ಟೇ ‘ಬಿ’ ಪರೀಕ್ಷೆ ಮಾಡಿದವರು ಇದನ್ನು ಮರೆಯುವುದು ಸಹಜ. ಹುಡುಕುವ ಪೆಟ್ಟಿಗೆ, ಹೆಸರು ಬರೆಯುವ ಪೆಟ್ಟಿಗೆಗಳಲ್ಲಿ ಇದ್ದರೂ ಪುಚ್ಚೆ ಬೇಕೆಂದೇ ಕಿವಿ ಮುಚ್ಚಿಕೊಳ್ಳುತ್ತದೆ. ಟೈಪ್ ಮಾಡುವಾಗ ಅಡ್ಡ ಬರಬಾರದಲ್ಲ. ಕೆಲವು ಸೈಟುಗಳು ಕೀಗಳನ್ನು ತಾವೇ ಹಿಡಿದುಕೊಳ್ಳುತ್ತವೆ. ಯೂಟ್ಯೂಬ್ ವೀಡಿಯೊ ಮೇಲೆ ಕ್ಲಿಕ್ ಮಾಡಿದ್ದರೆ ಮೇಲೆ, ಕೆಳಗಿನ ಬಾಣ ಧ್ವನಿ ಏರಿಳಿಸುತ್ತದೆ, ಎಡ, ಬಲ 5 ಸೆಕೆಂಡು ಹಿಂದೆ ಮುಂದೆ ಮಾಡುತ್ತದೆ. ಗೂಗಲ್ ಡಾಕ್ಸ್‌ನಲ್ಲಂತೂ ಟೈಪಿಂಗ್ ಎಲ್ಲ ಒಳಗಿನ ಬೇರೆಯದೇ ಚೌಕಟ್ಟಿಗೆ ಹೋಗುತ್ತದೆ. ಪರೀಕ್ಷೆಗೆ ಸಾದಾ ಪುಟ ಬಳಸಿ. ಕನ್ನಡ ವಿಕಿಪೀಡಿಯದ ಯಾವ ಲೇಖನವಾದರೂ ಆದೀತು, ಹುಡುಕುವ ಪೆಟ್ಟಿಗೆ ಮುಟ್ಟಬೇಡಿ ಅಷ್ಟೇ.

ಬೆಕ್ಕೇ ಕಾಣುವುದಿಲ್ಲ

ಹೊಸ ಟ್ಯಾಬು ತೆರೆದು ಬೆಕ್ಕು ಇಲ್ಲವೆಂದರೆ ಅದು ದೋಷ ಅಲ್ಲ. ಕ್ರೋಮ್ ತನ್ನ ಒಳಗಿನ ಪುಟಗಳಲ್ಲಿ, ಸೆಟ್ಟಿಂಗ್ಸ್‌ನಲ್ಲಿ, ವೆಬ್ ಸ್ಟೋರಿನಲ್ಲಿ ಇಂಥ ಎಕ್ಸ್‌ಟೆನ್ಷನ್‌ಗಳನ್ನು ಬಿಡುವುದಿಲ್ಲ. ಯಾವುದಾದರೂ ಸೈಟಿಗೆ ಹೋಗಿ ನೋಡಿ. ಇನ್‌ಕಾಗ್ನಿಟೋ ವಿಂಡೋದಲ್ಲಿ ಬೇಕೆಂದರೆ, ಅಥವಾ ನಿಮ್ಮದೇ ಡಿಸ್ಕಿನಲ್ಲಿರುವ ಎಚ್‌ಟಿಎಮ್‌ಎಲ್ ಫೈಲಿನ ಮೇಲೆ ಬೇಕೆಂದರೆ, ಪುಚ್ಚೆಯ ವಿವರಗಳ ಪುಟದಲ್ಲಿ ಆ ಎರಡು ಅನುಮತಿಗಳನ್ನು ಬೇರೆಯಾಗಿ ಆನ್ ಮಾಡಬೇಕು.

ಎಲ್ಲ ಸೈಟಿನಲ್ಲೂ ಇಲ್ಲವೆಂದರೆ ಫೋಲ್ಡರು ನೋಡಿ. ವಾಟ್ಸ್‌ಆ್ಯಪ್‌ನಿಂದ ಬಂದ ಜಿಪ್ ಮೇಲೆ ಡಬಲ್ ಕ್ಲಿಕ್ ಮಾಡಿದರೆ ವಿಂಡೋಸು ಒಳಗಿನ ಫೈಲುಗಳನ್ನು ತೋರಿಸುತ್ತದೆ, ಬಿಚ್ಚಿರುವುದಿಲ್ಲ. ರೈಟ್ ಕ್ಲಿಕ್ ಮಾಡಿ ಎಕ್ಸ್‌ಟ್ರಾಕ್ಟ್ ಮಾಡಲೇಬೇಕು. ಬಿಚ್ಚಿದ ಮೇಲೂ ಕೆಲವೊಮ್ಮೆ ಫೋಲ್ಡರಿನೊಳಗೆ ಅದೇ ಹೆಸರಿನ ಇನ್ನೊಂದು ಫೋಲ್ಡರು ಇರುತ್ತದೆ. ಪುಚ್ಚೆಯನ್ನು ಹಾಕುವಾಗ ಹೊರಗಿನದ್ದನ್ನು ಆರಿಸಿದರೆ ಕ್ರೋಮು ಮ್ಯಾನಿಫೆಸ್ಟ್ ಫೈಲು (ಎಕ್ಸ್‌ಟೆನ್ಷನ್‌ನ ವಿವರ ಬರೆದಿರುವ ಫೈಲು) ಸಿಗಲಿಲ್ಲವೆಂದು ದೂರುತ್ತದೆ. ಈ ಇಡೀ ಕತೆಯಲ್ಲಿ ಬಾಯಿಬಿಟ್ಟು ಹೇಳುವ ದೋಷ ಇದೊಂದೇ, ಇದಕ್ಕೆ ಹೆದರಬೇಡಿ. ಒಳಗಿನ ಫೋಲ್ಡರು ಆರಿಸಿ.

ಹೀಗೆ ಹಾಕಿದ ಎಕ್ಸ್‌ಟೆನ್ಷನ್ ಆ ಫೋಲ್ಡರಿನಿಂದಲೇ ಓಡುತ್ತದೆ, ಬ್ರೌಸರು ಅದರ ಪ್ರತಿ ಮಾಡಿಕೊಳ್ಳುವುದಿಲ್ಲ. ಡೌನ್‌ಲೋಡ್ಸ್‌ನಲ್ಲಿಟ್ಟು, ತಿಂಗಳ ಕೊನೆಗೆ ಅಪ್ಪ ಡೌನ್‌ಲೋಡ್ಸ್ ಖಾಲಿ ಮಾಡಿದರೆ ಬೆಕ್ಕೂ ಹೋಯಿತು. ಪೆನ್‌ಡ್ರೈವಿನಿಂದಲೇ ಹಾಕಿ ಪೆನ್‌ಡ್ರೈವ್ ತೆಗೆದರೂ ಅದೇ ಗತಿ. ಡಾಕ್ಯುಮೆಂಟ್ಸ್‌ನಲ್ಲಿ ಒಂದು ಜಾಗ ಮಾಡಿ ಇಡಿ. ಎಕ್ಸ್‌ಟೆನ್ಷನ್ ಪುಟದ ಡೆವಲಪರ್ ಮೋಡ್ ಸ್ವಿಚ್ಚನ್ನು ಆನ್‌ನಲ್ಲೇ ಬಿಡಿ. ಫೈರ್‌ಫಾಕ್ಸ್‌ನಲ್ಲಿ ಸಹಿ ಇಲ್ಲದ ಎಕ್ಸ್‌ಟೆನ್ಷನನ್ನು ತಾತ್ಕಾಲಿಕವಾಗಿ ಮಾತ್ರ ಹಾಕಬಹುದು, ಬ್ರೌಸರ್ ಮುಚ್ಚಿದರೆ ಹೋಗುತ್ತದೆ. ಕರೆಂಟು ಹೋದಾಗ ಹೋಗುವುದೂ ಇದೇ. ಅದಕ್ಕೆ ಮದ್ದಿಲ್ಲ, ಪ್ರತಿ ಸಲ ಹಾಕಿಕೊಳ್ಳಬೇಕು.

ಇನ್ನು ಎಲ್ಲ ಸರಿ ಇದ್ದೂ ಬೆಕ್ಕು ಬಾರದ ಒಂದು ಸಂದರ್ಭ ಉಂಟು. ಇದನ್ನು ಹಿಡಿಯಲು ಸ್ವಲ್ಪ ತಾಳ್ಮೆ ಬೇಕು.

ಪರದೆಯ ಮೇಲೆ ಬಾಣದ ಹಿಂದೆ ಓಡುವ ಬೆಕ್ಕು ಹೊಸ ಯೋಚನೆ ಏನಲ್ಲ. 1980ರ ದಶಕದಲ್ಲಿ ಜಪಾನಿನ ಎನ್‌ಇಸಿ ಪಿಸಿ-9801 ಕಂಪ್ಯೂಟರಿಗೆ ‘ನೆಕೊ’ ಎಂಬ ಬೆಕ್ಕು ಬಂತು. 1989ರಲ್ಲಿ ಕೆಂಜಿ ಗೋಟೊ ಅದನ್ನು ಮ್ಯಾಕಿಂಟಾಷ್‌ಗೆ ತಂದರು. ಆಮೇಲೆ ಯುನಿಕ್ಸ್ ಪರದೆಗಳಿಗೆ ‘ಒನೆಕೊ’ ಬಂತು, ಈಗ ವೆಬ್ ಪುಟಗಳಿಗೆ ಅದರ ಜಾವಾಸ್ಕ್ರಿಪ್ಟ್ ರೂಪವೂ ಇದೆ. ಪುಚ್ಚೆಯನ್ನು ಬರೆಯುವಾಗ ಹುಡುಗ ನೋಡಿ ಕಲಿತದ್ದು ಆ ಜಾವಾಸ್ಕ್ರಿಪ್ಟನ್ನು. ಅದರಲ್ಲಿ ಒಂದು ಒಳ್ಳೆ ನಡತೆ ಇದೆ: ಬಳಸುವವರು ತಮ್ಮ ಕಂಪ್ಯೂಟರಿನಲ್ಲಿ ಆ್ಯನಿಮೇಷನ್ ಬೇಡವೆಂದು ಹೇಳಿದ್ದರೆ ಬೆಕ್ಕು ಬರುವುದೇ ಇಲ್ಲ. ಪರದೆಯಲ್ಲಿ ಏನಾದರೂ ಓಡಾಡಿದರೆ ಕೆಲವರಿಗೆ ತಲೆ ಸುತ್ತುತ್ತದೆ, ವಾಕರಿಕೆ ಬರುತ್ತದೆ. ಅವರಿಗಾಗಿ ಇರುವ ಸೆಟ್ಟಿಂಗ್ ಅದು. ಪುಚ್ಚೆಯೂ ಅದನ್ನು ಪಾಲಿಸುತ್ತದೆ.

ಆದರೆ ನಮ್ಮಲ್ಲಿ ಆ್ಯನಿಮೇಷನ್ ಆಫ್ ಆಗಿರುವುದು ತಲೆಸುತ್ತಿಗಲ್ಲ. ಹಳೆ ಲ್ಯಾಪ್‌ಟಾಪನ್ನು ರಿಪೇರಿಗೆ ಕೊಟ್ಟರೆ “ಸ್ಪೀಡ್ ಮಾಡಿ ಕೊಟ್ಟಿದ್ದೇನೆ” ಎಂದು ಹೇಳಿ ಕೊಡುತ್ತಾರಲ್ಲ, ಆ ಸ್ಪೀಡಿನಲ್ಲಿ ಒಂದು ಪಾಲು ಇದು. ಪರ್ಫಾರ್ಮೆನ್ಸ್ ಆಯ್ಕೆಗಳಲ್ಲಿ ಎಲ್ಲ ಟಿಕ್ ತೆಗೆದು ‘ಬೆಸ್ಟ್ ಪರ್ಫಾರ್ಮೆನ್ಸ್’ ಮಾಡಿದರೆ ವಿಂಡೋಗಳ ಒಳಗಿನ ಆ್ಯನಿಮೇಷನ್ನೂ ಆಫ್ ಆಗುತ್ತದೆ. ಬ್ರೌಸರು ಅದನ್ನು ಓದಿ, ಈ ಮನುಷ್ಯನಿಗೆ ಚಲನೆ ಬೇಡ ಎಂದು ಪ್ರತಿ ಪುಟಕ್ಕೂ ಹೇಳುತ್ತದೆ. ಬೆಕ್ಕು ಮರ್ಯಾದೆಯಿಂದ ಹೊರಗೇ ಉಳಿಯುತ್ತದೆ. ರಿಪೇರಿಗೂ ಬೆಕ್ಕಿಗೂ ಎಲ್ಲಿಂದೆಲ್ಲಿಗೆ ಸಂಬಂಧ ಎಂದು ಕೇಳುವವರೇ ಎಲ್ಲ. ಅದಕ್ಕೇ ಈ ದೂರು ಬಂದಾಗ “ಇತ್ತೀಚೆಗೆ ಲ್ಯಾಪ್‌ಟಾಪ್ ರಿಪೇರಿಗೆ ಹೋಗಿತ್ತಾ?” ಎಂದು ಕೇಳಿಯೇ ಮುಂದೆ ಹೋಗುವುದು ಒಳ್ಳೆಯದು.

ವಿಂಡೋಸ್ 11ರಲ್ಲಿ ಸೆಟ್ಟಿಂಗ್ಸ್, ಆ್ಯಕ್ಸೆಸಿಬಿಲಿಟಿ, ವಿಶುವಲ್ ಎಫೆಕ್ಟ್ಸ್‌ಗೆ ಹೋದರೆ ಆ್ಯನಿಮೇಷನ್ ಸ್ವಿಚ್ಚು ಸಿಗುತ್ತದೆ. ವಿಂಡೋಸ್ 10ರಲ್ಲಿ ಈಸ್ ಆಫ್ ಆ್ಯಕ್ಸೆಸ್, ಡಿಸ್‌ಪ್ಲೇ ಒಳಗೆ. ಉಬುಂಟುವಿನಲ್ಲಿ ಆ್ಯಕ್ಸೆಸಿಬಿಲಿಟಿ ಒಳಗೆ ನೋಡಿ. ಆನ್ ಮಾಡಿ ಪುಟ ರೀಲೋಡ್ ಮಾಡಿದರೆ ಬೆಕ್ಕು ಹಾಜರ್. ಮನೆಯಲ್ಲಿ ಯಾರಿಗಾದರೂ ನಿಜವಾಗಿ ತಲೆ ಸುತ್ತುವುದಿದ್ದರೆ ಮಾತ್ರ ಮುಟ್ಟಬೇಡಿ. ಆ ತಪಾಸಣೆಯನ್ನೇ ಕೋಡಿನಿಂದ ತೆಗೆದುಹಾಕಿ ಎಂದು ಕೆಲವರು ಕೇಳಿದ್ದಾರೆ. ನನಗೆ ಅದು ಸರಿ ಕಾಣುವುದಿಲ್ಲ. ಬೇಕಾದರೆ ಓಡದೆ ಕೂತಿರುವ ಬೆಕ್ಕೊಂದನ್ನು ತೋರಿಸಬಹುದು.

ವೇಷ ಬಂತು, ಚೆಂಡೆ ಇಲ್ಲ

ಪುಚ್ಚೆ ಚೌಕಿ ಮೋಡನ್ನು ನೆನಪಿಟ್ಟುಕೊಳ್ಳುತ್ತದೆ. ಒಮ್ಮೆ ಆನ್ ಮಾಡಿದರೆ ಮುಂದಿನ ಪುಟದಲ್ಲಿ ಬೆಕ್ಕು ಕಿರೀಟ ಇಟ್ಟುಕೊಂಡೇ ಬರುತ್ತದೆ. ಆದರೆ ಬ್ರೌಸರು, ನೀವು ಆ ಪುಟದಲ್ಲಿ ಕ್ಲಿಕ್ ಮಾಡುವ ಅಥವಾ ಕೀ ಒತ್ತುವ ತನಕ ಸದ್ದು ಬಿಡುವುದಿಲ್ಲ. ತೆರೆದ ಕೂಡಲೇ ಜಾಹೀರಾತು ಕಿರುಚಬಾರದೆಂದು ಕ್ರೋಮು 2018ರಲ್ಲಿ ತಂದ ಕಟ್ಟುಪಾಡು ಇದು. ಮೌಸನ್ನು ಸುಮ್ನೆ ಆಡಿಸಿದರೆ ಸಾಲದು, ಒಮ್ಮೆ ಕ್ಲಿಕ್ ಮಾಡಿ. ಆದರೂ ಇಲ್ಲವೆಂದರೆ ಟ್ಯಾಬಿನ ಮೇಲೆ ರೈಟ್ ಕ್ಲಿಕ್ ಮಾಡಿ ಸೈಟು ಮ್ಯೂಟ್ ಆಗಿದೆಯಾ ನೋಡಿ. ಬ್ಲೂಟೂತ್ ಸ್ಪೀಕರು ಪಕ್ಕದ ಕೋಣೆಯಲ್ಲಿ ಚೆಂಡೆ ಹೊಡೆಯುತ್ತಿರಲೂಬಹುದು.

ಬೆಕ್ಕು ಅರ್ಧ, ಅಥವಾ ಖಾಲಿ ಚೌಕ

ಇದು ಹೆಚ್ಚಾಗಿ ವೇಷ ಬದಲಿಸಲು ಹೊರಟವರ ತೊಂದರೆ. ಬಣ್ಣದ ವೇಷ ಮಾಡುತ್ತೇನೆ, ಹನುಮಂತ ಮಾಡುತ್ತೇನೆ ಎಂದು ಮಕ್ಕಳು ಚಿತ್ರದ ಫೈಲು ಬದಲಿಸುತ್ತಾರೆ. ಮಾಡಲಿ, ಅದಕ್ಕೇ ಅದು ತೆರೆದಿರುವುದು. ಆದರೆ ಚಿತ್ರ 256ಕ್ಕೆ 128 ಪಿಕ್ಸೆಲ್ ಇರಬೇಕು. ಅದರೊಳಗೆ 32 ಪಿಕ್ಸೆಲಿನ ಚೌಕಗಳು, ಅಡ್ಡಕ್ಕೆ 8, ಉದ್ದಕ್ಕೆ 4. ಒಂದೊಂದು ಚೌಕ ಬೆಕ್ಕಿನ ಒಂದೊಂದು ಭಂಗಿ. ಕಿರೀಟ ದೊಡ್ಡದಾಗಿ ಮೇಲಿನ ಚೌಕಕ್ಕೆ ದಾಟಿದರೆ, ಮಲಗಿದ ಬೆಕ್ಕಿನ ಕಾಲ ಕೆಳಗೆ ಇನ್ನೊಂದು ಭಂಗಿಯ ಕಿರೀಟದ ತುದಿ ಕಾಣುತ್ತದೆ. ತೆಂಕಿನ ಬಣ್ಣದ ವೇಷದ ಕಿರೀಟವನ್ನು 32 ಪಿಕ್ಸೆಲಿಗೆ ಇಳಿಸುವುದು ಎಂಥ ಕಷ್ಟವೆಂದು ಪ್ರಯತ್ನಿಸಿದವರಿಗೇ ಗೊತ್ತು. ಕಿವಿಗಳನ್ನು ಬಿಟ್ಟುಬಿಡಿ, ಜಾಗ ಸಿಗುತ್ತದೆ.

ಖಾಲಿ ಚೌಕ ಬಂದರೆ ಫೈಲಿನ ಹೆಸರು ನೋಡಿ. ವಿಂಡೋಸಿಗೆ ದೊಡ್ಡ ಅಕ್ಷರ, ಸಣ್ಣ ಅಕ್ಷರ ಒಂದೇ. ಲಿನಕ್ಸಿಗೆ ಬೇರೆ ಬೇರೆ. ಮನೆಯ ವಿಂಡೋಸಿನಲ್ಲಿ ಚೆನ್ನಾಗಿದ್ದ ಹನುಮಂತ ಶಾಲೆಯ ಉಬುಂಟುವಿನಲ್ಲಿ ಮಾಯವಾಗುವುದು ಇದರಿಂದ. ಹೊಸ ಹೆಸರಿನ ಫೈಲು ಸೇರಿಸಿದ್ದರೆ ಮ್ಯಾನಿಫೆಸ್ಟಿನಲ್ಲಿ ವೆಬ್ ಪುಟಗಳಿಗೆ ಬಿಟ್ಟುಕೊಡುವ ಫೈಲುಗಳ ಪಟ್ಟಿಗೂ ಆ ಹೆಸರು ಸೇರಿಸಬೇಕು. ಹಳೆ ಹೆಸರನ್ನೇ ಇಟ್ಟುಕೊಂಡರೆ ಈ ತಲೆನೋವೇ ಇಲ್ಲ.

ಫೋನಿನಲ್ಲಿ

ಆಂಡ್ರಾಯ್ಡ್ ಫೋನಿನ ಕ್ರೋಮ್‌ನಲ್ಲಿ ಪುಚ್ಚೆ ಹಾಕಲು ಆಗುವುದಿಲ್ಲ. ಹಾಕಲು ಆದರೂ ಫೋನಿನಲ್ಲಿ ಮೌಸಿನ ಬಾಣ ಇಲ್ಲ, ಕೀಬೋರ್ಡಿನಲ್ಲಿ ಬಾಣದ ಕೀ ಇಲ್ಲ. ಬೆಕ್ಕು ಯಾರ ಹಿಂದೆ ಓಡಬೇಕು?

ಕೇಳುವಾಗ

ಇಷ್ಟೆಲ್ಲ ನೋಡಿದ ಮೇಲೂ ಆಗದಿದ್ದರೆ ಮೆಸೇಜ್ ಮಾಡಿ. ವಿಂಡೋಸೋ ಉಬುಂಟುವೋ, ಯಾವ ಬ್ರೌಸರು, ಬೆಕ್ಕು ಓಡುತ್ತದೋ ಇಲ್ಲವೋ, ಅಡ್ರೆಸ್ ಬಾರಿನಲ್ಲಿ ಬಿ ಒತ್ತಿದಾಗ ಏನು ಬಂತು, ಇಷ್ಟು ಬರೆಯಿರಿ. “ಆಗುದಿಲ್ಲ ಮಾವ” ಎಂದಷ್ಟೇ ಬರೆದರೆ ನಾನು ಇವೇ ನಾಲ್ಕು ಪ್ರಶ್ನೆ ಕೇಳಬೇಕಾಗುತ್ತದೆ. ಪರದೆಯ ಫೋಟೊ ತೆಗೆಯುವುದಾದರೆ ಬೆಕ್ಕನ್ನು ಮಾತ್ರ ತೆಗೆಯಬೇಡಿ. ವಿಂಡೋಸಾದರೆ ಕೆಳಗಿನ ಬಲಮೂಲೆ, ಉಬುಂಟುವಾದರೆ ಮೇಲಿನ ಬಲಮೂಲೆ ಫೋಟೊದೊಳಗೆ ಬರಲಿ. ಭಾಷೆಯ ಗುರುತು ಇರುವುದು ಅಲ್ಲಿ.